ದೋಣಿಯವ

ಅಳಿಸಿದ್ದು ನಾನೇ.
ಬೇರೆ ಯಾರ ಮೇಲೂ ಹೊರಿಸುವಂತಿಲ್ಲ.
ಮನೆಯಲ್ಲಿ ಇದ್ದದ್ದು ನಾನು, ಅಮ್ಮ,
ಮತ್ತೆ ಟಿವಿಯ ಕೆಳಗೆ ಬೆಕ್ಕಿನ ಹಾಗೆ ಬೆಚ್ಚಗೆ ಕೂತ
ಆ ಕಪ್ಪು ಪೆಟ್ಟಿಗೆ.

ಜಾಗ ಸಾಲದು ಅಂದಿತು ಅದು.
ನನಗೋ ಹೊಸ ಫುಟ್‌ಬಾಲ್ ಆಟ ಬೇಕಿತ್ತು.
ಬೊಗುಶ್ ಹಡಗಿನ ಅಡುಗೆಯವ,
ಆ ಹೊತ್ತಿಗೆ ಸಾಂಟೋಸ್ ಬಂದರಿನಲ್ಲಿ
ಇಪ್ಪತ್ತೆರಡು ಮಂದಿಗೆ ಈರುಳ್ಳಿ ಹೆಚ್ಚುತ್ತಿದ್ದನೇನೋ.
ಪಟ್ಟಿಯಲ್ಲಿ ಎಲ್ಲಕ್ಕಿಂತ ದೊಡ್ಡದು ಅವನ ಆಟ.
'ಉಳಿಸಿದ್ದನ್ನೂ ಅಳಿಸಲೇ?' ಎಂದು ಕೇಳಿತು,
ಹೋಟೆಲ್ ಮಾಣಿಯ ನಯದಲ್ಲಿ.
ಹೂಂ ಅಂದೆ. ಓದಲೂ ಇಲ್ಲ.

ಗ್ದಿನ್ಯಾದಲ್ಲಿ ಡಿಸೆಂಬರ್ ಅಂದರೆ ಮೂರೂವರೆಗೇ ಕತ್ತಲು.
ಟ್ರಾಲಿ ಬಸ್ಸಿನ ತಂತಿ ಕಿಡಿ ಹಾರಿಸಿದಾಗ
ನಮ್ಮ ನಾಲ್ಕನೇ ಮಹಡಿಯ ಗೋಡೆ ಒಮ್ಮೆ ನೀಲಿಯಾಗುತ್ತದೆ.
ಅಂಥ ಒಂದು ನೀಲಿಯಲ್ಲಿ ಅಮ್ಮ ಅಂದಳು:
ಇಪ್ಪತ್ತೆರಡಕ್ಕೆ ಬರ್ತಾನಂತೆ.
ಆಗ ಹೊಟ್ಟೆಯಲ್ಲಿ ಏನೋ ಜಾರಿತು.

ಆಟವೇನೋ ಮರಳಿತು.
ಕೊಂಡವನ ಹೆಸರಲ್ಲೇ ಇತ್ತು, ಒತ್ತಿದೆ,
ಅರವತ್ತೊಂದು ಜಿಬಿ
ಕೆಟ್ಟ ನಲ್ಲಿಯ ಹಾಗೆ ರಾತ್ರಿಯಿಡೀ ತೊಟ್ಟಿಕ್ಕಿತು.
ಬೆಳಗ್ಗೆ ಎದ್ದರೆ ಜಗತ್ತು ಇಡಿಯಾಗಿ ಅಲ್ಲೇ ಇದೆ:
ಬೆಟ್ಟ, ಕೋಟೆ, ಹೊಳೆ, ಗಾಳಿಗೆ ತಲೆಯಾಡಿಸುವ ಜೊಂಡು.
ಬೊಗುಶ್ ಒಬ್ಬ ಇಲ್ಲ.
ಆಟ ಬೇರೆ, ಆಡಿದ್ದು ಬೇರೆ.

ಸಹಾಯವಾಣಿಯ ಹುಡುಗ ಸಂಕೋಚದವನು.
ಮೋಡದಲ್ಲೊಂದು ಪ್ರತಿ ಇರಬೇಕಲ್ಲ ಮೇಡಂ, ಅಂದ,
ಚಂದಾ ಕಟ್ಟಿದ್ದರೆ.
ಅಕ್ಟೋಬರಿನಲ್ಲಿ ಅದನ್ನು ನಿಲ್ಲಿಸಿ
ತಿಂಗಳಿಗೆ ಮೂವತ್ತು ಝ್ಲೋಟಿ ಉಳಿಸಿದೆ ಎಂದು
ಅಮ್ಮನೆದುರು ಬೀಗಿದವಳು ಯಾರು?
ಕಿಟಕಿಯ ಹೊರಗೆ ಮೋಡಕ್ಕೇನೂ ಬರವಿರಲಿಲ್ಲ.

ಗುಂಡಿ, ದಾರದುಂಡೆಗಳ ಬಿಸ್ಕತ್ತಿನ ಡಬ್ಬಿಯಲ್ಲಿ
ಕೊನೆಗೆ ಸಿಕ್ಕಿತು ಒಂದು ಪೆನ್‌ಡ್ರೈವ್,
ಮೇಲೆ ಅವನ ವಕ್ರ ಅಕ್ಷರ: ಮಾರ್ಚ್.

ತೆರೆದೆ.
ಹೊಳೆಯ ದಡದಲ್ಲಿ ನಿಂತಿದ್ದ, ಬೆನ್ನು ನನ್ನ ಕಡೆಗೆ.
ಮಾರ್ಚ್‌ನಿಂದ ಆಗಸ್ಟ್, ಹಡಗು ಹತ್ತುವವರೆಗಿನ ಐದು ತಿಂಗಳು
ಎಲ್ಲೂ ಇಲ್ಲ.
ಆಡಿಬಿಡೋಣ, ಅಂದುಕೊಂಡೆ. ಹನ್ನೊಂದು ರಾತ್ರಿ ಇದೆ.
ಅವನು ಎಷ್ಟು ದೂರ ಹೋಗಿದ್ದಾನೋ
ಅಷ್ಟು ದೂರ ಅವನನ್ನು ನಾನೇ ನಡೆಸಿಬಿಡೋಣ.

ಕಳ್ಳಿಯ ಹಾಗೆ ಅವನ ಚೀಲ ಬಿಚ್ಚಿದೆ.
ಕತ್ತಿ ಒಂದೇ, ಅದೂ ಮೊಂಡು.
ರೊಟ್ಟಿ ನಲವತ್ತು. ಉಪ್ಪು. ಒಣಮೀನು.
ಹೆಸರಿಲ್ಲದ ಯಾವುದೋ ಸೊಪ್ಪು, ಕಟ್ಟು ಕಟ್ಟು.
ಅಯ್ಯೋ ಪುಣ್ಯಾತ್ಮ, ಇಲ್ಲೂ ಅಡುಗೆಯೇ?

ದೋಣಿಯವ ಮಾತ್ರ ಮಿಸುಕುವವನಲ್ಲ.
'ಆ ದಡದಲ್ಲಿ ನಿನಗೆ ಯಾರಿದ್ದಾರೆ?'
ಅಣ್ಣ ಅಂದರೆ ಇಲ್ಲ. ರಾಜ ಅಂದರೆ ಇಲ್ಲ.
ಯಾರೂ ಇಲ್ಲ ಅಂದರೆ ನಗುತ್ತಾನೆ, ಹುಟ್ಟು ಎತ್ತುವುದಿಲ್ಲ.
ಮೂರು ರಾತ್ರಿ ಹೀಗೇ.
ನಾಲ್ಕನೆಯ ರಾತ್ರಿ ಒಲೆಯ ಮೇಲೆ ಬೀಟ್‌ರೂಟ್ ಸಾರು ಉಕ್ಕಿತು,
ಇದ್ದಲ್ಲೇ ಕೈಬಿಟ್ಟು ಓಡಿದೆ,
ಒರೆಸಿ, ಬೈಸಿಕೊಂಡು ಬಂದು ನೋಡಿದರೆ
ದೋಣಿ ನಡುಹೊಳೆಯಲ್ಲಿದೆ.

ಆಮೇಲೆ ಸುಲಭ. ಮೂರು ಊರು, ಒಂದು ಸೇತುವೆ,
ಹೊಸ ಕತ್ತಿ. ರೊಟ್ಟಿಯನ್ನು ಮುಟ್ಟಲಿಲ್ಲ,
ಎಣಿಸಿ ನಲವತ್ತೇ ಇಟ್ಟೆ.

ಬಂದ.
ಕೂದಲಲ್ಲಿ ಡೀಸೆಲ್ ವಾಸನೆ, ಅಮ್ಮನಿಗೆ ಕಾಫಿಪುಡಿ,
ನನಗೆ ಅಳತೆ ತಪ್ಪಿದ ಹಳದಿ ಜರ್ಸಿ.
ಊಟ ಮುಗಿಸಿ ಪೆಟ್ಟಿಗೆ ಹಚ್ಚಿದ.
ನಾನು ಅಡುಗೆಮನೆಯಲ್ಲಿ
ತೊಳೆದ ತಟ್ಟೆಯನ್ನೇ ತೊಳೆಯುತ್ತಿದ್ದೆ.

ಬಹಳ ಹೊತ್ತು ಸದ್ದಿಲ್ಲ.
ಎದ್ದು ಬಂದು ಬಾಗಿಲಿಗೆ ಒರಗಿದ.

ಎರಡು ವರ್ಷ ಕಣೇ ಯಾಗ್ನಾ,
ಆ ದಡ ನೋಡಿರಲಿಲ್ಲ ನಾನು.
ಆಗಸ್ಟ್‌ನಲ್ಲೂ ಅಲ್ಲೇ ನಿಂತಿದ್ದೆ, ಸೊಪ್ಪು ಕೊಯ್ದುಕೊಂಡು.
ದೋಣಿಯವನಿಗೆ ಏನಂತ ಹೇಳಿದೆ?

ಏನೂ ಇಲ್ಲ, ಅಂದೆ.
ಸಾರು ಉಕ್ಕುತ್ತಿತ್ತು.